ಜ್ಯೇಷ್ಠತಾ ಪಟ್ಟಿಯ ಷರಾ ಕಾಲಂ ಓದಿದ್ದೀರಾ?

ಕಳೆದ ವಾರ ಸಂಜೆ ದಾವಣಗೆರೆಯ ನಿಟುವಳ್ಳಿಯಲ್ಲಿರುವ ನಮ್ಮ ಮನೆಗೆ ಒಬ್ಬ ಮೇಡಂ ಬಂದಿದ್ದರು. ದ್ವಿತೀಯ ದರ್ಜೆ ಸಹಾಯಕಿ, ಅಂದರೆ ಎಸ್‌ಡಿಎ. ಕೈಯಲ್ಲಿ ಜ್ಯೇಷ್ಠತಾ ಪಟ್ಟಿಯ ಹದಿನಾಲ್ಕು ಪುಟದ ಜೆರಾಕ್ಸ್, ಮೂಲೆಯಲ್ಲಿ ಎರಡು ಪಿನ್ನು. ನೀರು ಕುಡಿದು ಸುಧಾರಿಸಿಕೊಳ್ಳುವ ಮೊದಲೇ, "ಸರ್, ನನ್ನ ಜೂನಿಯರ್ ಇಬ್ಬರಿಗೆ ಬಡ್ತಿ ಬಂತು, ನನಗಿಲ್ಲ. ಕೇಸ್ ಹಾಕಬಹುದಾ?" ಅಂತ ಕೇಳಿದರು.

ನಾನು ಕೇಳಿದ್ದು ಒಂದೇ ಪ್ರಶ್ನೆ. "ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ ಬಂದಾಗ ಆಕ್ಷೇಪಣೆ ಕೊಟ್ಟಿದ್ದಿರಾ ಅಮ್ಮಾ?"

ಅವರು ಸುಮ್ಮನಾದರು. ಪಟ್ಟಿ ಬಂದಿದ್ದು ಗೊತ್ತಿತ್ತು. ವಾಟ್ಸಾಪ್ ಗ್ರೂಪಿನಲ್ಲಿ ಪಿಡಿಎಫ್ ಬಂದಿತ್ತು. ಹೆಸರು ಹುಡುಕಿದರು, ಸಿಕ್ಕಿತು, ಸರಿ ಅಂತ ಬಿಟ್ಟರು. ಮೇಲೆ ಯಾರಿದ್ದಾರೆ, ಯಾಕಿದ್ದಾರೆ ಅಂತ ನೋಡಲಿಲ್ಲ.

ನಾನು 1986ರಲ್ಲಿ ಗುಮಾಸ್ತನಾಗಿ ಸೇರಿದವನು, ನಿವೃತ್ತನಾಗಿ ಕೆಲವು ವರ್ಷ ಆಯ್ತು. ವಕೀಲನಲ್ಲ. ಆದರೆ ಸಿಬ್ಬಂದಿ ಶಾಖೆಯಲ್ಲಿ ತುಂಬ ವರ್ಷ ಕೂತವನು, ಇಂಥ ಪಟ್ಟಿಗಳನ್ನು ಟೈಪ್ ಮಾಡಿಸಿದ್ದೇನೆ, ತಿದ್ದಿಸಿದ್ದೇನೆ, ಅವುಗಳಿಂದ ನೊಂದೂ ಇದ್ದೇನೆ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ. ಸರ್ಕಾರಿ ನೌಕರರು ಬಡ್ತಿ ಆದೇಶ ಬಂದ ದಿನ ಎಚ್ಚರಾಗುತ್ತಾರೆ. ಆದರೆ ಅಷ್ಟೊತ್ತಿಗೆ ಅರ್ಧ ಜಗಳ ಮುಗಿದಿರುತ್ತದೆ. ನಿಮ್ಮ ಬಡ್ತಿ ತೀರ್ಮಾನವಾಗುವುದು ತಾತ್ಕಾಲಿಕ ಜ್ಯೇಷ್ಠತಾ ಪಟ್ಟಿ ಪ್ರಕಟವಾಗಿ, "ಆಕ್ಷೇಪಣೆ ಇದ್ದರೆ ಇಷ್ಟು ದಿನದೊಳಗೆ ಸಲ್ಲಿಸಿ" ಅಂತ ಹೇಳುತ್ತಾರಲ್ಲ, ಆ ಕೆಲವೇ ದಿನಗಳಲ್ಲಿ.

ಮೊದಲು ಒಂದು ಗೊಂದಲ ಬಿಡಿಸೋಣ. ಸೇವೆ ಬೇರೆ, ಜ್ಯೇಷ್ಠತೆ ಬೇರೆ. ಇಪ್ಪತ್ತು ವರ್ಷ ಸೇವೆ ಮಾಡಿದವರು ಹದಿನೈದು ವರ್ಷ ಮಾಡಿದವರಿಗಿಂತ ಜ್ಯೇಷ್ಠತೆಯಲ್ಲಿ ಕೆಳಗೆ ಇರಬಹುದು, ಅದರಲ್ಲಿ ತಪ್ಪೇನೂ ಇಲ್ಲದೆ ಇರಬಹುದು. ಸೇವೆ ಅಂದರೆ ನೀವು ಸರ್ಕಾರದ ಕೆಲಸದಲ್ಲಿ ಕಳೆದ ಕಾಲ. ಅದು ರಜೆಗೆ, ಇನ್‌ಕ್ರಿಮೆಂಟಿಗೆ, ಪಿಂಚಣಿಗೆ ಲೆಕ್ಕ. ಜ್ಯೇಷ್ಠತೆ ಅಂದರೆ ಒಂದು ನಿರ್ದಿಷ್ಟ ವೃಂದದ (ಒಂದೇ ದರ್ಜೆಯ ಹುದ್ದೆಗಳ ಗುಂಪಿನ) ಪಾಳಿಯಲ್ಲಿ, ಅಂದರೆ ಸರದಿ ಸಾಲಿನಲ್ಲಿ, ನೀವು ಎಷ್ಟನೆಯವರು ಅನ್ನುವುದು. ಬೇರೆ ಪಾಳಿಯಲ್ಲಿ ಎಷ್ಟೊತ್ತು ನಿಂತಿದ್ದರೂ ಈ ಪಾಳಿಗೆ ಬಂದ ಮೇಲೆ ಇಲ್ಲಿ ನಿಲ್ಲುವ ಜಾಗಕ್ಕೆ ಇಲ್ಲಿನದೇ ಲೆಕ್ಕ.

ಇನ್ನೊಂದು. ಹತ್ತು ವರ್ಷಕ್ಕೆ ಕಾಲಮಿತಿ ಬಡ್ತಿ, ಹದಿನೈದು ವರ್ಷಕ್ಕೆ ಸ್ವಯಂಚಾಲಿತ ಬಡ್ತಿ ಸಿಗುತ್ತದಲ್ಲ, ಹೆಸರಿನಲ್ಲಿ ಬಡ್ತಿ ಅಂತ ಇದ್ದರೂ ಅದು ವೇತನಕ್ಕೆ ಮಾತ್ರ. ಹುದ್ದೆ ಬದಲಾಗಲ್ಲ, ಪಾಳಿಯಲ್ಲಿ ಜಾಗವೂ ಬದಲಾಗಲ್ಲ. "ನನಗೆ ಅವನಿಗಿಂತ ಮೊದಲು ಕಾಲಮಿತಿ ಬಂದಿದೆ, ಹಾಗಾಗಿ ನಾನು ಸೀನಿಯರ್" ಅನ್ನುವ ವಾದ ನಿಲ್ಲುವುದಿಲ್ಲ.

ನಮ್ಮ ರಾಜ್ಯದಲ್ಲಿ ಇದಕ್ಕೆಲ್ಲ ಮೂಲ ಕರ್ನಾಟಕ ಸರ್ಕಾರಿ ನೌಕರರ (ಜ್ಯೇಷ್ಠತಾ) ನಿಯಮಗಳು, 1957. ಇಸವಿ ಗಮನಿಸಿ. 1956ರ ನವೆಂಬರಿನಲ್ಲಿ ರಾಜ್ಯ ಒಂದಾಯಿತು. ಹಳೇ ಮೈಸೂರು, ಮುಂಬೈ, ಹೈದರಾಬಾದ್, ಮದ್ರಾಸ್, ಕೊಡಗು, ಹೀಗೆ ಐದು ಕಡೆಯ ನೌಕರರು ಒಂದೇ ಸರ್ಕಾರದ ಕೆಳಗೆ ಬಂದರು. ಅಲ್ಲಿನ ಹುದ್ದೆಗೆ ಇಲ್ಲಿನ ಯಾವ ಹುದ್ದೆ ಸಮ, ಯಾರು ಯಾರಿಗಿಂತ ಮೇಲೆ ಅನ್ನುವ ಜಗಳ ವರ್ಷಗಟ್ಟಲೆ ನಡೆಯಿತು. ಅಂದರೆ ಜ್ಯೇಷ್ಠತೆಯ ತಕರಾರು ಈ ರಾಜ್ಯದಷ್ಟೇ ಹಳೆಯದು.

ನಮ್ಮ ದಾವಣಗೆರೆಗೆ ಇದರದ್ದೇ ಸಣ್ಣ ರೂಪ 1997ರಲ್ಲಿ ಬಂತು. ಆ ವರ್ಷ ಆಗಸ್ಟ್ 15ಕ್ಕೆ ಹೊಸ ಜಿಲ್ಲೆ ಆಯಿತು. ಚಿತ್ರದುರ್ಗದಿಂದ ದಾವಣಗೆರೆ, ಹರಿಹರ, ಜಗಳೂರು. ಶಿವಮೊಗ್ಗದಿಂದ ಹೊನ್ನಾಳಿ, ಚನ್ನಗಿರಿ. ಬಳ್ಳಾರಿಯಿಂದ ಹರಪನಹಳ್ಳಿ. ಮೂರು ಜಿಲ್ಲೆಯ ತಾಲ್ಲೂಕುಗಳು ಒಂದಾದವು. ಎಲ್ಲೆಲ್ಲಿ ಜಿಲ್ಲಾ ಮಟ್ಟದ ಜ್ಯೇಷ್ಠತಾ ಪಟ್ಟಿ ಇತ್ತೋ ಅಲ್ಲೆಲ್ಲ ಮೂರು ಕಡೆಯ ಹೆಸರು ಕೂಡಿಸಿ ಹೊಸ ಪಟ್ಟಿ ಮಾಡಬೇಕಾಯಿತು. ನಾನಿದ್ದ ಇಲಾಖೆಯಲ್ಲೂ ಮಾಡಿದರು. ಟೈಪ್‌ರೈಟರಿನಲ್ಲಿ ಹೊಡೆದು, ಸೈಕ್ಲೋಸ್ಟೈಲ್ ಮಾಡಿ, ನೋಟಿಸ್ ಬೋರ್ಡಿಗೆ ಹಚ್ಚಿದರು. ನನ್ನ ಹೆಸರಿನ ಮುಂದೆ ಸೇವೆಗೆ ಸೇರಿದ ವರ್ಷ 1986ರ ಬದಲು 1989 ಅಂತ ಬಿದ್ದಿತ್ತು. ಒಂದಂಕಿ. ನಾನು ಆಗ ತಾಲ್ಲೂಕಿನಲ್ಲಿದ್ದೆ. ಪಟ್ಟಿ ನೋಡಲು ಜಿಲ್ಲಾ ಕೇಂದ್ರಕ್ಕೆ ಬರಲಿಲ್ಲ, ನನ್ನ ಹೆಸರು ಎಲ್ಲಿ ಹೋಗುತ್ತೆ ಅಂತ ಸುಮ್ಮನಿದ್ದೆ. ಪಟ್ಟಿ ಅಂತಿಮವಾಯಿತು. ನನಗೆ ಗೊತ್ತಾಗಿದ್ದು 2001ರಲ್ಲಿ, ಬಡ್ತಿ ಆದೇಶದಲ್ಲಿ ನನ್ನ ನಂತರ ಸೇರಿದವರ ಹೆಸರು ಕಂಡಾಗ. ಮನವಿ ಕೊಟ್ಟೆ. "ಪಟ್ಟಿ ಅಂತಿಮಗೊಂಡು ಬಹಳ ಕಾಲವಾಗಿದೆ, ಆಗ ತಾವು ಆಕ್ಷೇಪಣೆ ಸಲ್ಲಿಸಿರುವುದಿಲ್ಲ" ಅಂತ ಹಿಂಬರಹ ಬಂತು. ಸೇವಾ ಪುಸ್ತಕದಲ್ಲಿ ಸರಿಯಾದ ದಿನಾಂಕ ಇತ್ತು, ಹಾಗಾಗಿ ಮುಂದಿನ ಪಟ್ಟಿಯಲ್ಲಿ ತಿದ್ದುಪಡಿ ಆಯಿತು. ಆದರೆ ನಾಲ್ಕು ವರ್ಷ ಹೋಯಿತು. ಆ ನಾಲ್ಕು ವರ್ಷ ನನ್ನ ಮುಂದಿನ ಎಲ್ಲ ಬಡ್ತಿಯನ್ನೂ ಹಿಂದಕ್ಕೆ ತಳ್ಳಿತು, ಪಿಂಚಣಿಯವರೆಗೂ.

ಈಗ ಪಾಳಿಯಲ್ಲಿ ಜಾಗ ಯಾವಾಗಿಂದ ಲೆಕ್ಕ ಅನ್ನುವುದಕ್ಕೆ ಬರೋಣ. ಹೆಚ್ಚಿನ ತಕರಾರು ಇಲ್ಲೇ ಹುಟ್ಟುವುದು.

ಒಂದೇ ಆಯ್ಕೆಯಲ್ಲಿ ನೇರ ನೇಮಕವಾಗಿ ಬಂದವರ ನಡುವೆ ಆಯ್ಕೆ ಪಟ್ಟಿಯ ಮೆರಿಟ್ ಕ್ರಮವೇ ಜ್ಯೇಷ್ಠತೆ. ಕೊಟ್ಟ ಗಡುವಿನೊಳಗೆ ಸೇರಿಕೊಂಡಿದ್ದರೆ ಸಾಕು, ನೀವು ಸೋಮವಾರ ಹಾಜರಾಗಿ ಇನ್ನೊಬ್ಬರು ಗುರುವಾರ ಹಾಜರಾದರು ಅಂತ ನೀವು ಮೇಲೆ ಹೋಗಲ್ಲ. ಬಹಳ ಜನ ಬೆಳಿಗ್ಗೆ ಹಾಜರಾದೆ, ಮಧ್ಯಾಹ್ನ ಹಾಜರಾದೆ ಅಂತ ಜಗಳ ಆಡುತ್ತಾರೆ. ಅದು ಬೇಡದ ಜಗಳ.

ತೂಕದ ಜಗಳ ನೇರ ನೇಮಕವಾದವರಿಗೂ ಬಡ್ತಿಯಿಂದ ಬಂದವರಿಗೂ ನಡುವಿನದು. ಒಂದು ಹುದ್ದೆಗೆ ಇಷ್ಟು ಪಾಲು ನೇರ ನೇಮಕ, ಇಷ್ಟು ಪಾಲು ಬಡ್ತಿ ಅಂತ ವೃಂದ ಮತ್ತು ನೇಮಕಾತಿ ನಿಯಮದಲ್ಲಿ ಹೇಳಿರುತ್ತಾರೆ. ನೇರ ನೇಮಕ ತಡವಾಗುತ್ತದೆ, ಆ ಖಾಲಿ ಜಾಗದಲ್ಲೂ ಬಡ್ತಿಯವರನ್ನೇ ತಾತ್ಕಾಲಿಕವಾಗಿ ಕೂರಿಸುತ್ತಾರೆ. ಐದಾರು ವರ್ಷ ಕಳೆದ ಮೇಲೆ ನೇರ ನೇಮಕದವರು ಬರುತ್ತಾರೆ. ಯಾರು ಸೀನಿಯರ್? ಬಡ್ತಿಯವರು "ನಾವು ಐದು ವರ್ಷದಿಂದ ಈ ಕುರ್ಚಿಯಲ್ಲಿ ಇದ್ದೀವಿ" ಅನ್ನುತ್ತಾರೆ. ನೇರದವರು "ನೀವು ಕೂತಿದ್ದು ನಮ್ಮ ಪಾಲಿನ ಕುರ್ಚಿಯಲ್ಲಿ" ಅನ್ನುತ್ತಾರೆ. ಇಬ್ಬರ ಮಾತಿನಲ್ಲೂ ಹುರುಳಿದೆ, ಅಲ್ವಾ?

ಇದಕ್ಕೆ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 1990ರಲ್ಲಿ ಮಹಾರಾಷ್ಟ್ರದ ಎಂಜಿನಿಯರುಗಳ ಪ್ರಕರಣದಲ್ಲಿ ಒಂದು ದಾರಿ ತೋರಿಸಿತು. ನಿಯಮದ ಪ್ರಕಾರ ನೇಮಕವಾಗಿದ್ದರೆ ನೇಮಕದ ದಿನದಿಂದಲೇ ಜ್ಯೇಷ್ಠತೆ ಲೆಕ್ಕ, ಕಾಯಂ ಆದ ದಿನದಿಂದ ಅಲ್ಲ. ನಿಯಮ ಬಿಟ್ಟು ಸುಮ್ನೆ ತಾತ್ಕಾಲಿಕವಾಗಿ ಕೂರಿಸಿದ್ದರೆ ಆ ಅವಧಿ ಜ್ಯೇಷ್ಠತೆಗೆ ಬರಲ್ಲ. ಇಂದಿಗೂ ಎಲ್ಲ ವಕೀಲರೂ ಮೊದಲು ಹಿಡಿಯುವುದು ಈ ತೀರ್ಪನ್ನೇ.

ನೇರ ನೇಮಕದವರ ಕಡೆಯಿಂದ ಇನ್ನೊಂದು ವಾದ ಬರುತ್ತಿತ್ತು. "ಹುದ್ದೆ ಖಾಲಿಯಾಗಿದ್ದು, ಅಧಿಸೂಚನೆ ಹೊರಟಿದ್ದು ಇಂಥ ವರ್ಷ, ಪರೀಕ್ಷೆ ತಡವಾಗಿದ್ದು ನಮ್ಮ ತಪ್ಪಲ್ಲ, ಹಾಗಾಗಿ ಆ ವರ್ಷದಿಂದಲೇ ಜ್ಯೇಷ್ಠತೆ ಕೊಡಿ" ಅಂತ. 2012ರ ಒಂದು ತೀರ್ಪು ಇದಕ್ಕೆ ಬೆಂಬಲ ಕೊಟ್ಟಿತ್ತು. 2019ರ ನವೆಂಬರಿನಲ್ಲಿ ಮೇಘಚಂದ್ರ ಸಿಂಗ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅದನ್ನು ಒಪ್ಪಲಿಲ್ಲ. ಸೇವೆಗೆ ಬರುವ ಮೊದಲೇ, ಆ ವೃಂದದಲ್ಲಿ ಹುಟ್ಟುವ ಮೊದಲೇ ಜ್ಯೇಷ್ಠತೆ ಕೊಡಲಾಗದು ಅಂದಿತು. ಹಳೆಯ ತೀರ್ಪಿನ ಮೇಲೆ ಆಗಲೇ ಸ್ಥಿರವಾದ ಜ್ಯೇಷ್ಠತೆಯನ್ನು ಮಾತ್ರ ಕೆದಕಲಿಲ್ಲ. ನನಗೆ ಇದು ಸರಿ ಅನ್ನಿಸುತ್ತದೆ, ಆದರೆ ಪರೀಕ್ಷೆ ಬರೆದು ವರ್ಷಗಟ್ಟಲೆ ಆದೇಶಕ್ಕೆ ಕಾದು ಕೂತ ಹುಡುಗರನ್ನು ನೋಡಿದಾಗ ಅವರ ಸಂಕಟವೂ ಅರ್ಥವಾಗುತ್ತದೆ. ನೇಮಕಾತಿ ಸಕಾಲಕ್ಕೆ ನಡೆದಿದ್ದರೆ ಈ ವ್ಯಾಜ್ಯವೇ ಇರುತ್ತಿರಲಿಲ್ಲ.

ಪ್ರಭಾರದ ಬಗ್ಗೆ ಒಂದು ಮಾತು, ಯಾಕಂದರೆ ಇದರಲ್ಲಿ ಬಹಳ ಜನ ಮೋಸ ಹೋಗುತ್ತಾರೆ. ಕೆಸಿಎಸ್‌ಆರ್, ಅಂದರೆ ಕರ್ನಾಟಕ ನಾಗರಿಕ ಸೇವಾ ನಿಯಮಗಳ ನಿಯಮ 32ರಲ್ಲಿ ಮೇಲಿನ ಹುದ್ದೆಯ ಸ್ವತಂತ್ರ ಪ್ರಭಾರ ಕೊಡುತ್ತಾರೆ. ಕುರ್ಚಿ ದೊಡ್ಡದು, ಸಹಿ ದೊಡ್ಡದು, ಜವಾಬ್ದಾರಿ ಪೂರ್ತಿ. ಆದರೆ ಅದು ಬಡ್ತಿ ಅಲ್ಲ. ಏಳು ವರ್ಷ ಪ್ರಭಾರದಲ್ಲಿದ್ದರೂ ಮೇಲಿನ ವೃಂದದಲ್ಲಿ ಏಳು ದಿನದ ಜ್ಯೇಷ್ಠತೆಯೂ ಹುಟ್ಟುವುದಿಲ್ಲ. ಪ್ರಭಾರದಲ್ಲಿ ಇದ್ದೀನಲ್ಲ ಅಂತ ನೆಮ್ಮದಿಯಾಗಿ ಇರಬೇಡಿ, ಬಡ್ತಿ ಸಮಿತಿ ಸಭೆ ಯಾಕೆ ಆಗುತ್ತಿಲ್ಲ ಅಂತ ಬರೆದು ಕೇಳುತ್ತಾ ಇರಿ.

ಇನ್ನು ಮೇಡಂ ವಿಷಯ. ಅವರು 2009ರಲ್ಲಿ ಕಾರವಾರದ ಕಡೆ ಕೆಲಸಕ್ಕೆ ಸೇರಿದವರು. ಗಂಡ ಇಲ್ಲಿ, ಮಗು ಇಲ್ಲಿ, ಅತ್ತೆಗೆ ಹುಷಾರಿಲ್ಲ. 2014ರಲ್ಲಿ ಕೋರಿಕೆ ವರ್ಗಾವಣೆ ಮೇಲೆ ದಾವಣಗೆರೆಗೆ ಬಂದರು. ಅವರ ವೃಂದಕ್ಕೆ ಜಿಲ್ಲೆಯೇ ಘಟಕ. ಜ್ಯೇಷ್ಠತಾ ನಿಯಮ 6 ಇಲ್ಲಿ ಕೆಲಸ ಮಾಡುತ್ತದೆ. ಸರ್ಕಾರ ತನ್ನ ಅಗತ್ಯಕ್ಕೆ, ಸಾರ್ವಜನಿಕ ಹಿತದಲ್ಲಿ ಸಮಾನ ವೇತನದ ಬೇರೆ ವೃಂದಕ್ಕೆ ಕಳಿಸಿದರೆ ನಿಮ್ಮ ಹಳೆಯ ಜ್ಯೇಷ್ಠತೆ ನಿಮ್ಮ ಜೊತೆ ಬರುತ್ತದೆ. ನೀವೇ ಕೇಳಿಕೊಂಡು ಬಂದರೆ, ವರ್ಗಾವಣೆಯ ದಿನ ಆ ವೃಂದದಲ್ಲಿ ಯಾರ್ಯಾರು ಇದ್ದಾರೋ ಅವರೆಲ್ಲರ ಕೆಳಗೆ ನಿಮ್ಮ ಜಾಗ. ನಿನ್ನೆ ಮೊನ್ನೆ ಸೇರಿದ ಹುಡುಗನ ಕೆಳಗೂ.

ಜಿಲ್ಲೆ ಬದಲಿಸಿ ಬರುವ ಶಿಕ್ಷಕರು, ಗುಮಾಸ್ತರು, ಗ್ರಾಮ ಆಡಳಿತ ಅಧಿಕಾರಿಗಳು ಎಲ್ಲರಿಗೂ ಈ ಪೆಟ್ಟು ಗೊತ್ತು. ಸಂಸಾರಕ್ಕೋಸ್ಕರ ಜ್ಯೇಷ್ಠತೆ ಬಿಟ್ಟು ಬರುತ್ತಾರೆ, ಅದರಲ್ಲಿ ಹೆಣ್ಣುಮಕ್ಕಳೇ ಜಾಸ್ತಿ. ನಿಯಮ ಕಠಿಣ ಅನ್ನಿಸಿದರೂ ಅದರ ಹಿಂದೆ ಕಾರಣ ಇದೆ. ಇಲ್ಲಿ ಪಾಳಿಯಲ್ಲಿ ನಿಂತಿದ್ದವರು ಏನೂ ತಪ್ಪು ಮಾಡಿಲ್ಲ, ಹೊರಗಿನಿಂದ ಬಂದವರು ಮಧ್ಯೆ ನುಗ್ಗಿದರೆ ಅವರಿಗೆ ಅನ್ಯಾಯ. ಒಂದು ಸಮಾಧಾನ ಏನೆಂದರೆ, ಕಳೆದುಹೋಗುವುದು ಜ್ಯೇಷ್ಠತೆ ಮಾತ್ರ. ಬಡ್ತಿಗೆ ಇಂತಿಷ್ಟು ವರ್ಷ ಸೇವೆ ಆಗಿರಬೇಕು ಅನ್ನುವ ಅರ್ಹತೆ ಬೇರೆ ವಿಷಯ. ಹಳೆಯ ಕಡೆಯ ಸೇವೆಯನ್ನು ಅದಕ್ಕೆ ಲೆಕ್ಕ ಹಿಡಿಯಬೇಕು ಅಂತ ಸುಪ್ರೀಂ ಕೋರ್ಟು ರೇಣು ಮಲ್ಲಿಕ್ ಪ್ರಕರಣದಲ್ಲಿ ಹೇಳಿದೆ. ನಿಮ್ಮ ಇಲಾಖೆಯ ನಿಯಮದ ಮಾತುಗಳು ಹೇಗಿವೆ ಅಂತ ಮಾತ್ರ ನೋಡಿಕೊಳ್ಳಬೇಕು.

ಮೇಡಂಗೆ ಇದು ಗೊತ್ತಿತ್ತು. 2014ಕ್ಕೆ ಮುಂಚೆ ಇಲ್ಲಿ ಇದ್ದವರು ತಮಗಿಂತ ಮೇಲೆ ಅನ್ನುವುದನ್ನು ಒಪ್ಪಿಕೊಂಡಿದ್ದರು. ಹಾಗಾದರೆ ಬಡ್ತಿ ಸಿಕ್ಕ ಆ ಇಬ್ಬರು ಯಾರು? ಪಟ್ಟಿ ಬಿಡಿಸಿ ಕೂತೆವು. ಕ್ರಮ ಸಂಖ್ಯೆ, ಹೆಸರು, ಜನ್ಮ ದಿನಾಂಕ, ಜಾತಿ ವರ್ಗ, ಸೇವೆಗೆ ಸೇರಿದ ದಿನಾಂಕ, ಈ ವೃಂದಕ್ಕೆ ಬಂದ ದಿನಾಂಕ, ಕಾಯಂಪೂರ್ವ ಅವಧಿ ಮುಗಿದ ದಿನಾಂಕ, ಇಲಾಖಾ ಪರೀಕ್ಷೆ, ಕೊನೆಗೆ ಷರಾ, ಅಂದರೆ ಟಿಪ್ಪಣಿ. ಕ್ರಮ ಸಂಖ್ಯೆ 41 ಮತ್ತು 42. ಸೇವೆಗೆ ಸೇರಿದ್ದು 2006 ಮತ್ತು 2007. ಮೇಡಂ ಇದ್ದದ್ದು 58ರಲ್ಲಿ. ಮೇಲ್ನೋಟಕ್ಕೆ ಸರಿಯಾಗಿಯೇ ಇದೆ ಅನ್ನಿಸುತ್ತದೆ. ಬೆರಳಿಟ್ಟು ಅಡ್ಡಕ್ಕೆ ಓದುತ್ತಾ ಷರಾ ಕಾಲಮಿಗೆ ಬಂದರೆ ಅಲ್ಲಿ ಸಣ್ಣ ಅಕ್ಷರದಲ್ಲಿ "ಕೋ.ವ. ಮೇರೆಗೆ" ಅಂತ ಇದೆ, ಪಕ್ಕದಲ್ಲಿ 2016ರ ಒಂದು ದಿನಾಂಕ. ಇನ್ನೊಬ್ಬರದು 2017. ಕೋ.ವ. ಅಂದರೆ ಕೋರಿಕೆ ವರ್ಗಾವಣೆ. ಅವರೂ ಬೇರೆ ಜಿಲ್ಲೆಯಿಂದ ಕೇಳಿಕೊಂಡೇ ಬಂದವರು, ಮೇಡಂಗಿಂತ ಎರಡು ಮೂರು ವರ್ಷ ತಡವಾಗಿ. ಅವರು ಬಂದ ದಿನ ಮೇಡಂ ಆಗಲೇ ಇಲ್ಲಿನ ವೃಂದದಲ್ಲಿ ಇದ್ದರು. ನಿಯಮ 6ರ ಪ್ರಕಾರ ಆ ಇಬ್ಬರೂ ಮೇಡಂ ಕೆಳಗೆ ಇರಬೇಕು. ಪಟ್ಟಿ ಮಾಡಿದವರು ಮೇಡಂಗೆ ನಿಯಮ ಹಚ್ಚಿದ್ದಾರೆ, ಆ ಇಬ್ಬರಿಗೆ ಹಚ್ಚದೆ ಮೊದಲ ನೇಮಕದ ದಿನಾಂಕ ಹಿಡಿದಿದ್ದಾರೆ.

ಮೇಡಂ ಆ ಸಾಲನ್ನು ಎರಡು ಸಲ ಓದಿದರು. "ಇದು ತಾತ್ಕಾಲಿಕ ಪಟ್ಟಿಯಲ್ಲೂ ಹೀಗೇ ಇತ್ತಾ ಸರ್?" ಅಂದರು. ಮೊಬೈಲಿನಲ್ಲಿ ಹಳೇ ಪಿಡಿಎಫ್ ತೆಗೆದು ನೋಡಿದೆವು. ಹೀಗೇ ಇತ್ತು.

ಅವರ ಮುಂದೇನು ಅನ್ನುವುದಕ್ಕೆ ಆಮೇಲೆ ಬರುತ್ತೇನೆ. ಜ್ಯೇಷ್ಠತೆ ಸರಿ ಇದ್ದರೂ ಬಡ್ತಿ ತಪ್ಪಬಹುದು, ಅದನ್ನೂ ತಿಳಿದುಕೊಳ್ಳಬೇಕು.

ಬಡ್ತಿ ನಮ್ಮ ಹಕ್ಕು ಅಂತ ಎಲ್ಲರೂ ಹೇಳುತ್ತೇವೆ. ಕಾನೂನಿನಲ್ಲಿ ಹಕ್ಕು ಇರುವುದು ಬಡ್ತಿಗೆ ಪರಿಗಣಿಸಬೇಕು ಅನ್ನುವುದಕ್ಕೆ. ಸಂವಿಧಾನದ 16ನೇ ವಿಧಿಯಲ್ಲಿ ಅದು ಮೂಲಭೂತ ಹಕ್ಕು. ನಿಮ್ಮ ಸರದಿ ಬಂದಾಗ ನಿಮ್ಮ ಹೆಸರನ್ನು ಸಮಿತಿ ಮುಂದೆ ಇಡದೆ ಹಾರಿಸುವ ಹಾಗಿಲ್ಲ. ಆದರೆ ಪರಿಗಣಿಸಿದ ಮೇಲೆ ಬಡ್ತಿ ಕೊಡಲೇಬೇಕು ಅಂತಿಲ್ಲ, ಹುದ್ದೆ ಖಾಲಿಯಾದ ದಿನದಿಂದಲೇ ಕೊಡಿ ಅಂತ ಕೇಳುವ ಹಕ್ಕೂ ಇಲ್ಲ.

ನಮ್ಮಲ್ಲಿ ಬಹುತೇಕ ಹುದ್ದೆಗಳಿಗೆ ಜ್ಯೇಷ್ಠತೆ-ಅರ್ಹತೆ ಆಧಾರದ ಬಡ್ತಿ. ಇದರ ಅರ್ಥವನ್ನು ಬಿಡಿಸಿ ಹೇಳಿದ ಒಂದು ಹಳೇ ತೀರ್ಪು ನಮ್ಮ ರಾಜ್ಯದ್ದೇ. ಮೈಸೂರು ಸರ್ಕಾರ ಮತ್ತು ಸೈಯದ್ ಮಹಮೂದ್ ನಡುವಿನದು, 1968ರದು. ಸೀನಿಯರ್ ಆದವರು ಆ ಕೆಲಸಕ್ಕೆ ತಕ್ಕವರಾಗಿದ್ದರೆ ಸಾಕು, ಅವರಿಗೇ ಮೊದಲು. ಅವರಿಗಿಂತ ಜೂನಿಯರ್ ಹೆಚ್ಚು ಚುರುಕು ಅಂತ ಹಾರಿಸುವ ಹಾಗಿಲ್ಲ. ಅದೇ ಸಮಯಕ್ಕೆ ಸೀನಿಯರ್ ಅನ್ನುವ ಒಂದೇ ಕಾರಣಕ್ಕೆ ಬಡ್ತಿ ಕೊಡಿಸಿ ಅಂತ ಕೋರ್ಟು ಹೇಳಲ್ಲ, ಪರಿಗಣಿಸಿ ಅಂತಷ್ಟೇ ಹೇಳುತ್ತದೆ. ಮೇಲಿನ ಕೆಲವು ಹುದ್ದೆಗಳಿಗೆ ಮಾತ್ರ ಆಯ್ಕೆಯ ಮೂಲಕ ಬಡ್ತಿ, ಅಲ್ಲಿ ಮೆರಿಟ್ ಮೊದಲು.

ತಕ್ಕವರು ಅನ್ನುವುದನ್ನು ಹೇಗೆ ಅಳೆಯುತ್ತಾರೆ? ಇಲಾಖಾ ಪರೀಕ್ಷೆ ಪಾಸಾಗಿರಬೇಕು. ಕೆಪಿಎಸ್‌ಸಿ ನಡೆಸುವ ಅಕೌಂಟ್ಸ್ ಹೈಯರ್, ಜನರಲ್ ಲಾ ಇವುಗಳನ್ನು "ಆಮೇಲೆ ಬರೆದರಾಯ್ತು" ಅಂತ ಬಿಟ್ಟವರು ಎಷ್ಟೋ ಜನ. ಪಟ್ಟಿಯಲ್ಲಿ ಮೊದಲನೆಯವರೇ ಆಗಿರಲಿ, ನಿಮ್ಮ ಹುದ್ದೆಗೆ ಗೊತ್ತು ಮಾಡಿದ ಪರೀಕ್ಷೆ ಆಗಿಲ್ಲ ಅಂದರೆ ನಿಮ್ಮನ್ನು ದಾಟಿ ಮುಂದೆ ಹೋಗುತ್ತಾರೆ, ಅದನ್ನು ಕೇಳುವ ಹಾಗಿಲ್ಲ. ಆಮೇಲೆ ವಾರ್ಷಿಕ ಗೌಪ್ಯ ವರದಿ. ಹಿಂದೆ ಇದು ನಿಜವಾಗಿಯೂ ಗೌಪ್ಯವಾಗಿತ್ತು, ಕೆಟ್ಟದಾಗಿ ಬರೆದಿದ್ದರೆ ಮಾತ್ರ ತಿಳಿಸುತ್ತಿದ್ದರು. 2008ರಲ್ಲಿ ದೇವ್ ದತ್ ಪ್ರಕರಣ ಇದನ್ನು ಬದಲಿಸಿತು. ಆ ಮನುಷ್ಯನಿಗೆ ಒಂದು ವರ್ಷ "ಉತ್ತಮ" ಅಂತ ಬರೆದಿದ್ದರು. ಕೇಳಲು ಒಳ್ಳೆಯದೇ. ಆದರೆ ಬಡ್ತಿಗೆ "ಅತ್ಯುತ್ತಮ" ಬೇಕಿತ್ತು, ಹಾಗಾಗಿ ಆ "ಉತ್ತಮ"ವೇ ಅವರಿಗೆ ಮುಳುವಾಯಿತು. ಯಾವುದೇ ಷರಾ ಆಗಲಿ, ಒಳ್ಳೆಯದೋ ಕೆಟ್ಟದೋ, ನೌಕರನಿಗೆ ತಿಳಿಸಲೇಬೇಕು, ಮನವಿ ಕೊಡಲು ಅವಕಾಶ ಕೊಡಬೇಕು ಅಂತ ಕೋರ್ಟು ಹೇಳಿತು.

ಮೂರನೆಯದು ಇಲಾಖಾ ವಿಚಾರಣೆ. ವಿಚಾರಣೆ ನಡೆಯುತ್ತಿದ್ದರೆ ಸಮಿತಿಯ ತೀರ್ಮಾನವನ್ನು ಮೊಹರು ಹಾಕಿದ ಲಕೋಟೆಯಲ್ಲಿ ಇಡುತ್ತಾರೆ. ಇದು ಎಷ್ಟೋ ಸಲ ದುರುಪಯೋಗವಾಗುತ್ತದೆ. ಯಾರೋ ಒಂದು ಮೂಗರ್ಜಿ ಬರೆದರೆ, ಪ್ರಾಥಮಿಕ ತನಿಖೆ ಇದೆ ಅಂತ ಹೇಳಿ ಬಡ್ತಿ ನಿಲ್ಲಿಸುತ್ತಾರೆ. 1991ರ ಜಾನಕಿರಾಮನ್ ತೀರ್ಪು ಇಲ್ಲಿ ನೌಕರರ ಕೈ ಹಿಡಿಯುತ್ತದೆ. ದೋಷಾರೋಪಣಾ ಪತ್ರ ಜಾರಿಯಾದ ಮೇಲೆ, ಕ್ರಿಮಿನಲ್ ಪ್ರಕರಣದಲ್ಲಾದರೆ ಚಾರ್ಜ್‌ಶೀಟ್ ಆದ ಮೇಲೆ ಮಾತ್ರ ಲಕೋಟೆ. ಬರೀ ದೂರು, ಬರೀ ತನಿಖೆ ಸಾಲದು. ಪೂರ್ತಿ ನಿರ್ದೋಷಿ ಅಂತ ಹೊರಬಂದರೆ ಲಕೋಟೆ ತೆರೆದು, ಜೂನಿಯರ್‌ಗೆ ಬಡ್ತಿ ಸಿಕ್ಕ ದಿನದಿಂದ ನಿಮಗೂ ಕೊಡಬೇಕು.

ಈಗ ಹೆಚ್ಚು ಜನ ಕೇಳುವ, ಹೆಚ್ಚು ಜನ ಬಿಸಿಯಾಗುವ ವಿಷಯ. ಮೀಸಲಾತಿಯಲ್ಲಿ ಬಡ್ತಿ ಸಿಕ್ಕವರ ಜ್ಯೇಷ್ಠತೆ. ಈ ಜಗಳದ ನಡುಮನೆ ಕರ್ನಾಟಕವೇ.

ಒಂದು ಉದಾಹರಣೆ ಹಿಡಿಯೋಣ. ಒಂದೇ ವೃಂದದಲ್ಲಿ ಸಾಮಾನ್ಯ ವರ್ಗದವರೊಬ್ಬರು 10ನೇ ಕ್ರಮದಲ್ಲಿ, ಪರಿಶಿಷ್ಟ ಜಾತಿಯವರೊಬ್ಬರು 25ನೇ ಕ್ರಮದಲ್ಲಿ. ನಮ್ಮಲ್ಲಿ 1978ರಿಂದ ಬಡ್ತಿಯಲ್ಲಿ ಪರಿಶಿಷ್ಟ ಜಾತಿಗೆ ಶೇ 15, ಪಂಗಡಕ್ಕೆ ಶೇ 3 ಮೀಸಲು ಇತ್ತು. ರೋಸ್ಟರ್ ಅಂದರೆ ಯಾವ ಸರದಿ ಯಾವ ವರ್ಗಕ್ಕೆ ಅಂತ ಗೊತ್ತು ಮಾಡಿದ ಪಟ್ಟಿ. ಆ ರೋಸ್ಟರ್ ಬಿಂದುವಿನಲ್ಲಿ 25ನೆಯವರಿಗೆ ಮೊದಲು ಬಡ್ತಿ ಸಿಕ್ಕಿತು. ಮೂರು ವರ್ಷ ಕಳೆದು 10ನೆಯವರಿಗೂ ಬಡ್ತಿ ಬಂತು. ಈಗ ಮೇಲಿನ ವೃಂದದಲ್ಲಿ ಯಾರು ಸೀನಿಯರ್? ಮೊದಲು ಬಂದವರೇ ಸೀನಿಯರ್ ಅಂದರೆ ಅದು ತತ್ಪರಿಣಾಮ ಜ್ಯೇಷ್ಠತೆ. ಹಿಂದೆ ಇದ್ದ ಕ್ರಮವೇ ಮರಳಿ ಬರಬೇಕು, 10ನೆಯವರು ಬಂದು ಮುಂದೆ ನಿಲ್ಲಬೇಕು ಅಂದರೆ ಅದು ಕ್ಯಾಚ್-ಅಪ್ ನಿಯಮ.

1995ರ ವೀರಪಾಲ್ ಸಿಂಗ್, 1996 ಮತ್ತು 1999ರ ಅಜಿತ್ ಸಿಂಗ್ ತೀರ್ಪುಗಳಲ್ಲಿ ಸುಪ್ರೀಂ ಕೋರ್ಟು ಕ್ಯಾಚ್-ಅಪ್ ಕಡೆ ನಿಂತಿತು. 2000ದ ಡಿಸೆಂಬರಿನಲ್ಲಿ ನಮ್ಮದೇ ರಾಜ್ಯದ ಬಡಪ್ಪನವರ್ ಪ್ರಕರಣದಲ್ಲೂ ಅದನ್ನೇ ಹೇಳಿತು. ಸಂಸತ್ತು 2001ರಲ್ಲಿ 85ನೇ ತಿದ್ದುಪಡಿ ತಂದು 16(4ಎ) ವಿಧಿಯಲ್ಲಿ ತತ್ಪರಿಣಾಮ ಜ್ಯೇಷ್ಠತೆ ಅನ್ನುವ ಮಾತು ಸೇರಿಸಿತು, 1995ರಿಂದಲೇ ಜಾರಿಗೆ ಬರುವ ಹಾಗೆ. ಅದರ ಬಲದ ಮೇಲೆ ಕರ್ನಾಟಕ 2002ರಲ್ಲಿ ಒಂದು ಕಾಯ್ದೆ ಮಾಡಿತು. 2006ರಲ್ಲಿ ಎಂ. ನಾಗರಾಜ್ ಪ್ರಕರಣ ಬಂತು. ತಿದ್ದುಪಡಿ ಸರಿ, ಆದರೆ ರಾಜ್ಯಗಳು ಹಿಂದುಳಿದಿರುವಿಕೆ, ಪ್ರಾತಿನಿಧ್ಯದ ಕೊರತೆ, ಆಡಳಿತದ ದಕ್ಷತೆ ಈ ಮೂರರ ಬಗ್ಗೆ ಅಂಕಿಅಂಶ ತೋರಿಸಬೇಕು ಅಂತ ಪೀಠ ಹೇಳಿತು. ನಮ್ಮ 2002ರ ಕಾಯ್ದೆಗೆ ಆ ಅಂಕಿಅಂಶದ ಆಧಾರ ಇರಲಿಲ್ಲ. 2017ರ ಫೆಬ್ರವರಿ 9ರಂದು ಬಿ.ಕೆ. ಪವಿತ್ರ ಪ್ರಕರಣದಲ್ಲಿ ಅದರ ಮುಖ್ಯ ಭಾಗ ಬಿದ್ದುಹೋಯಿತು.

ಆ ಒಂದೂವರೆ ವರ್ಷ ಕಚೇರಿಗಳಲ್ಲಿ ಹೇಗಿತ್ತು ಅಂತ ನಾನು ಕಣ್ಣಾರೆ ನೋಡಿದ್ದೇನೆ. ಪಟ್ಟಿಗಳನ್ನು ಹಿಂದಿನಿಂದ ಪರಿಷ್ಕರಿಸಬೇಕಿತ್ತು. ಹಿಂಬಡ್ತಿ ಆಗುತ್ತೆ ಅಂತ ಗೊತ್ತಾದವರು, ಬಡ್ತಿ ಬರುತ್ತೆ ಅಂತ ಗೊತ್ತಾದವರು ಅಕ್ಕಪಕ್ಕದ ಮೇಜಿನಲ್ಲಿ ಕೂತು ಒಟ್ಟಿಗೆ ಊಟ ಮಾಡುತ್ತಿದ್ದವರು, ಡಬ್ಬಿ ತೆಗೆಯುವುದನ್ನೇ ಬೇರೆ ಬೇರೆ ಮಾಡಿಕೊಂಡರು. ಇಬ್ಬರೂ ತಪ್ಪು ಮಾಡಿರಲಿಲ್ಲ. ಒಬ್ಬರು ಜಾರಿಯಲ್ಲಿದ್ದ ಕಾನೂನಿನ ಪ್ರಕಾರ ಬಡ್ತಿ ಪಡೆದಿದ್ದರು, ಇನ್ನೊಬ್ಬರು ವರ್ಷಗಟ್ಟಲೆ ಕಾದಿದ್ದರು. ಅಂಕಿಅಂಶ ಸಕಾಲಕ್ಕೆ ಕೂಡಿಸಿದ್ದರೆ ಇಬ್ಬರಿಗೂ ಈ ನೋವು ತಪ್ಪುತ್ತಿತ್ತು.

ಸರ್ಕಾರ ಆಮೇಲೆ ಹಿರಿಯ ಐಎಎಸ್ ಅಧಿಕಾರಿ ರತ್ನಪ್ರಭಾ ಅವರ ನೇತೃತ್ವದಲ್ಲಿ ಸಮಿತಿ ಮಾಡಿ ಅಂಕಿಅಂಶ ಕೂಡಿಸಿತು. ಹೊಸ ಮಸೂದೆಗೆ 2018ರ ಜೂನ್‌ನಲ್ಲಿ ರಾಷ್ಟ್ರಪತಿಗಳ ಒಪ್ಪಿಗೆ ಸಿಕ್ಕಿತು. 2019ರ ಮೇ 10ರಂದು ಸುಪ್ರೀಂ ಕೋರ್ಟು ಆ 2018ರ ಕಾಯ್ದೆಯನ್ನು ಎತ್ತಿಹಿಡಿಯಿತು. ನಮ್ಮ ರಾಜ್ಯದಲ್ಲಿ ಮೀಸಲಾತಿಯಲ್ಲಿ ಬಡ್ತಿ ಪಡೆದವರಿಗೆ ತತ್ಪರಿಣಾಮ ಜ್ಯೇಷ್ಠತೆ ಇದೆ. ಕ್ಯಾಚ್-ಅಪ್ ಹೆಸರಿನಲ್ಲಿ ಈಗಲೂ ಆಕ್ಷೇಪಣೆ ಬರೆದುಕೊಡಿ ಅಂತ ಬರುವವರಿಗೆ ನಾನು ಇದನ್ನೇ ಹೇಳಿ ಕಳಿಸುತ್ತೇನೆ. ಆದರೆ ರೋಸ್ಟರ್ ಲೆಕ್ಕ ತಪ್ಪಿದ್ದರೆ ಅದು ಬೇರೆ ಮಾತು, ಅದನ್ನು ಪ್ರಶ್ನಿಸಬಹುದು. 1995ರ ಸಬರ್‌ವಾಲ್ ತೀರ್ಪಿನ ಪ್ರಕಾರ ರೋಸ್ಟರ್ ಹುದ್ದೆಗಳ ಲೆಕ್ಕ, ಖಾಲಿ ಜಾಗಗಳ ಲೆಕ್ಕ ಅಲ್ಲ.

ಸರಿ, ತಪ್ಪು ಸಿಕ್ಕಿದೆ ಅಂದುಕೊಳ್ಳಿ. ಮುಂದೇನು?

ತಾತ್ಕಾಲಿಕ ಪಟ್ಟಿಯ ಹಂತವೇ ಆದರೆ ಒಂದು ಪುಟದ ಆಕ್ಷೇಪಣೆ ಸಾಕು. ನನ್ನ ಕ್ರಮ ಸಂಖ್ಯೆ ಇಷ್ಟು, ಇಂಥ ಕ್ರಮ ಸಂಖ್ಯೆಯವರು ಇಂಥ ದಿನಾಂಕದಲ್ಲಿ ಬಂದವರು, ಇಂಥ ನಿಯಮದ ಪ್ರಕಾರ ಅವರು ನನ್ನ ಕೆಳಗಿರಬೇಕು. ಅಷ್ಟೇ. "ನನಗೆ ಅನ್ಯಾಯವಾಗಿದೆ, ನ್ಯಾಯ ದೊರಕಿಸಿಕೊಡಿ" ಅಂತ ಮೂರು ಪುಟ ಬರೆದರೆ ವಿಷಯ ನಿರ್ವಾಹಕರಿಗೆ ಟಿಪ್ಪಣಿ ಹಾಕಲು ಏನೂ ಸಿಗಲ್ಲ. ದಾಖಲೆ ಲಗತ್ತಿಸಿ. ಎರಡು ಪ್ರತಿ ಒಯ್ದು, ಟಪಾಲು ಶಾಖೆಯಲ್ಲಿ ಒಂದರ ಮೇಲೆ ದಿನಾಂಕದ ಸೀಲು ಹಾಕಿಸಿಕೊಳ್ಳಿ. ಸಾಹೇಬರ ಕೈಗೇ ಕೊಟ್ಟೆ, ಮಾಡ್ತೀನಿ ಅಂದರು ಅನ್ನುವುದು ಕೋರ್ಟಿನಲ್ಲಿ ದಾಖಲೆ ಆಗಲ್ಲ.

ಅಂತಿಮ ಪಟ್ಟಿಯೂ ಆಗಿಹೋಗಿದ್ದರೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿ, ಅಂದರೆ ಕೆಎಟಿ. ಬೆಳಗಾವಿಯಲ್ಲಿ, ಕಲಬುರಗಿಯಲ್ಲಿ ಪೀಠಗಳಿವೆ, ಆದರೆ ನಮ್ಮ ಜಿಲ್ಲೆಯವರು ಬೆಂಗಳೂರಿಗೇ ಹೋಗಬೇಕು. ನೇರವಾಗಿ ಹೈಕೋರ್ಟಿಗೆ ಹೋಗುವ ಹಾಗಿಲ್ಲ, 1997ರ ಎಲ್. ಚಂದ್ರಕುಮಾರ್ ತೀರ್ಪಿನಂತೆ ಮೊದಲು ನ್ಯಾಯಮಂಡಳಿ, ಅಲ್ಲಿ ಸೋತರೆ ಹೈಕೋರ್ಟಿನ ವಿಭಾಗೀಯ ಪೀಠ. ನಿಗಮ ಮಂಡಳಿಯವರಿಗೆ, ನ್ಯಾಯಾಂಗ ಇಲಾಖೆಯವರಿಗೆ ದಾರಿ ಬೇರೆ.

ಕೆಎಟಿಗೆ ಹೋಗುವ ಮೊದಲು ಇಲಾಖೆಯೊಳಗಿನ ಮನವಿ, ಮೇಲ್ಮನವಿ ದಾರಿ ಮುಗಿಸಿರಬೇಕು, ಅದು 1985ರ ಆಡಳಿತ ನ್ಯಾಯಮಂಡಳಿ ಕಾಯ್ದೆಯ 20ನೇ ಕಲಂ. ಗಡುವು 21ನೇ ಕಲಂ. ಅಂತಿಮ ಆದೇಶವಾದ ದಿನದಿಂದ ಒಂದು ವರ್ಷ. ಮೇಲ್ಮನವಿ ಅಥವಾ ಮನವಿ ಕೊಟ್ಟು ಆರು ತಿಂಗಳಾದರೂ ಉತ್ತರ ಬರದಿದ್ದರೆ, ಆ ಆರು ತಿಂಗಳು ಮುಗಿದ ಮೇಲೆ ಒಂದು ವರ್ಷ. ಇಲ್ಲಿ ಬಹಳ ಜನ ಎಡವುತ್ತಾರೆ. ಒಂದರ ಮೇಲೊಂದು ಮನವಿ ಕೊಡುತ್ತಾ ಹೋದರೆ ಗಡುವು ಬೆಳೆಯುತ್ತಾ ಹೋಗುತ್ತದೆ ಅಂದುಕೊಳ್ಳುತ್ತಾರೆ. ಬೆಳೆಯಲ್ಲ. ಹಳಸಿದ ವಿಷಯಕ್ಕೆ ಹೊಸ ಮನವಿ ಕೊಟ್ಟು ಜೀವ ತುಂಬಲಾಗದು ಅಂತ 2008ರಲ್ಲಿ ಸಿ. ಜೇಕಬ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಅದಕ್ಕೂ ಮುಂಚೆ, 1974ರಲ್ಲೇ, ತಮಿಳುನಾಡಿನ ಸದಾಶಿವಸ್ವಾಮಿ ಪ್ರಕರಣದಲ್ಲಿ ಜೂನಿಯರ್‌ಗೆ ಬಡ್ತಿ ಕೊಟ್ಟು ಹದಿನಾಲ್ಕು ವರ್ಷದ ಮೇಲೆ ಬಂದವರನ್ನು ವಾಪಸ್ ಕಳಿಸಿತ್ತು. ಆರು ತಿಂಗಳು, ಹೆಚ್ಚೆಂದರೆ ಒಂದು ವರ್ಷದೊಳಗೆ ಬರಬೇಕು ಅಂತ ಹೇಳಿತ್ತು. ವರ್ಷಗಟ್ಟಲೆ ನೆಲೆ ನಿಂತ ಪಟ್ಟಿಯನ್ನು ಕೋರ್ಟು ಕದಡಲು ಇಷ್ಟಪಡಲ್ಲ, ಯಾಕಂದರೆ ಒಂದು ಹೆಸರು ಮೇಲೆ ಹೋದರೆ ಹತ್ತು ಹೆಸರು ಕೆಳಗೆ ಬರುತ್ತವೆ.

ಅದೇ ಕಾರಣಕ್ಕೆ ಇನ್ನೊಂದು. ನಿಮ್ಮ ಅರ್ಜಿಯಿಂದ ಯಾರ ಜಾಗ ಕೆಳಗೆ ಹೋಗುತ್ತದೋ ಅವರನ್ನು ಎದುರುದಾರರನ್ನಾಗಿ ಸೇರಿಸಬೇಕು. ಬರೀ ಸರ್ಕಾರದ ಮೇಲೆ ಹಾಕಿ, ಸಹೋದ್ಯೋಗಿ ಮೇಲೆ ಹಾಕುವುದು ಬೇಡ ಅಂತ ಮುಲಾಜು ನೋಡಿದರೆ ಅರ್ಜಿಯೇ ಬಿದ್ದುಹೋಗಬಹುದು. ಮೇಡಂ ಇಲ್ಲೇ ಹಿಂಜರಿದರು. 41ನೇ ಕ್ರಮದವರು ಅವರ ಪಕ್ಕದ ಮೇಜಿನವರು. ಮಗಳ ನಾಮಕರಣಕ್ಕೆ ಬಂದಿದ್ದವರು. "ಅವರದ್ದೇನು ತಪ್ಪಿದೆ ಸರ್?" ಅಂದರು. ತಪ್ಪು ಅವರದ್ದಲ್ಲ ನಿಜ. ಹಾಗಾಗಿ ಮೊದಲು ಅವರ ಹತ್ತಿರ ನೀವೇ ಹೋಗಿ ಹೇಳಿ, ನೋಟಿಸ್ ಬಂದು ಗೊತ್ತಾಗುವುದು ಬೇಡ ಅಂದೆ.

ಲೆಕ್ಕ ಹಾಕಿದೆವು. ಅಂತಿಮ ಪಟ್ಟಿ ಬಂದು ನಾಲ್ಕು ತಿಂಗಳು ಮೂರು ದಿನ. ಬಡ್ತಿ ಆದೇಶ ಬಂದು ಹನ್ನೊಂದು ದಿನ. ವರ್ಷದೊಳಗೇ ಇದ್ದಾರೆ. ತಾತ್ಕಾಲಿಕ ಪಟ್ಟಿಗೆ ಆಕ್ಷೇಪಣೆ ಕೊಡದೆ ಇದ್ದದ್ದನ್ನು ಎದುರಿನವರು ಖಂಡಿತ ಎತ್ತುತ್ತಾರೆ, ಆದರೆ ತಪ್ಪು ಪಟ್ಟಿಯ ಷರಾ ಕಾಲಮಿನಲ್ಲೇ ಬರೆದಿರುವುದು ದೊಡ್ಡ ಬಲ. ಅವತ್ತೇ ರಾತ್ರಿ ಮನವಿ ಬರೆದೆವು, ಒಂದೂಕಾಲು ಪುಟ. ಆ ಇಬ್ಬರ ವರ್ಗಾವಣೆ ಆದೇಶದ ಪ್ರತಿಗೆ ಮಾಹಿತಿ ಹಕ್ಕಿನಲ್ಲಿ ಒಂದು ಅರ್ಜಿ, ಹತ್ತು ರೂಪಾಯಿಯ ಪೋಸ್ಟಲ್ ಆರ್ಡರ್ ಹಚ್ಚಿ.

ಮರುದಿನ ಮಧ್ಯಾಹ್ನ ಮೇಡಂ ಮೊಬೈಲಿಗೆ ಒಂದು ಫೋಟೋ ಕಳಿಸಿದರು. ಮನವಿಯ ಎರಡನೇ ಪ್ರತಿ, ಬಲಗಡೆ ಮೇಲೆ ನೇರಳೆ ಬಣ್ಣದ ಸೀಲು, ಒಳಗೆ ದಿನಾಂಕ ಸ್ವಲ್ಪ ಓರೆಯಾಗಿ ಬಿದ್ದಿತ್ತು. ಅಂಕಿ ಸ್ಪಷ್ಟವಾಗಿ ಕಾಣುತ್ತಾ ಅಂತ ದೊಡ್ಡದು ಮಾಡಿ ನೋಡಿದೆ. ಕಾಣುತ್ತಿತ್ತು. ಕೆಳಗೆ ಅವರು ಬರೆದಿದ್ದರು: "41ನೆಯವರಿಗೆ ಹೇಳಿದೆ ಸರ್. ಸ್ವಲ್ಪ ಹೊತ್ತು ಮಾತಾಡಲಿಲ್ಲ. ಆಮೇಲೆ ತಮ್ಮ ವರ್ಗಾವಣೆ ಆದೇಶದ ಜೆರಾಕ್ಸ್ ತಾವೇ ತಂದುಕೊಟ್ಟರು."